ಕಪ್ಪು ಮೂರರ ಭಾಗವತರು

ಕಳೆದ ಮಳೆಗಾಲದಲ್ಲಿ ಅವರು ತೀರಿಕೊಂಡಾಗ ಪಂಜದ ಪೇಟೆಯಲ್ಲಿ ಒಂದು ಫ್ಲೆಕ್ಸ್ ಹಾಕಿದ್ದರು. ಕೆಂಪು ಮುಂಡಾಸು, ಹೆಗಲ ಮೇಲೆ ಶಾಲು, ಕೈಯಲ್ಲಿ ಜಾಗಟೆ. ಫೋಟೋ ಬಹಳ ಹಳೆಯದು. ಅವರನ್ನೇ ಕೇಳಿದ್ದರೂ ಅದನ್ನೇ ಆರಿಸುತ್ತಿದ್ದರು. ಕೆಳಗೆ, ತೆಂಕುತಿಟ್ಟು ಯಕ್ಷಗಾನದ ಹಿರಿಯ ಭಾಗವತರು, ಇಷ್ಟು ಮೇಳಗಳಲ್ಲಿ ತಿರುಗಾಟ ಮಾಡಿದವರು ಎಂದೆಲ್ಲ ಬರೆದಿತ್ತು. ಬರೆದದ್ದೆಲ್ಲ ನಿಜ. ಆದರೆ ಕೊನೆಯ ಕೆಲವು ವರ್ಷ ಅವರು ಒಂದು ಕೀಬೋರ್ಡು, ಒಂದು ಸ್ಯಾಕ್ಸೋಫೋನು, ಒಂದು ದಫ್ ಇವುಗಳ ನಡುವೆ ಕುಳಿತು ಹಾಡಿದವರು ಎಂಬ ಮಾತು ಎಲ್ಲಿಯೂ ಇರಲಿಲ್ಲ. ನನಗೆ ಸ್ವಲ್ಪ ಸಿಟ್ಟು ಬಂತು. ಸತ್ತವರ ಮೇಲೆ ಯಾರ ಹಕ್ಕು ಎಷ್ಟು ಎಂದು ಫ್ಲೆಕ್ಸಿನ ಎದುರು ನಿಂತು ಜಗಳ ಮಾಡುವುದು ಮರ್ಯಾದೆಯಲ್ಲ. ಆದ್ದರಿಂದ ಮನೆಗೆ ಬಂದು ಬರೆಯುತ್ತಿದ್ದೇನೆ.

ನಾನು ನೆಲ್ಯಾಡಿಯವನು. ಅಜ್ಜ ಕೇರಳದಿಂದ ಮರಗೆಣಸಿನ ಕೋಲು ಹೊತ್ತುಕೊಂಡು ಬಂದವರು, ಅಪ್ಪ ರಬ್ಬರ್ ಹಾಕಿದವರು. ನಾನು ಹೈಸ್ಕೂಲಿನಲ್ಲಿ ಗಣಿತ ಕಲಿಸುತ್ತೇನೆ, ಆದಿತ್ಯವಾರ ಬೆಳಿಗ್ಗೆ ನಮ್ಮ ಚರ್ಚಿನಲ್ಲಿ ಕೀಬೋರ್ಡ್ ನುಡಿಸುತ್ತೇನೆ. ಅದು ಸಾಲದೆ ಮಧ್ಯಾಹ್ನದ ಹೊತ್ತು ಪುತ್ತೂರಿನ ಒಂದು ಟ್ಯೂಷನ್ ಸೆಂಟರಿನ ಮಹಡಿಯಲ್ಲಿ ಇನ್ನು ಮೂವರನ್ನು ಸೇರಿಸಿಕೊಂಡು ಹೊಸದೇನೋ ಮಾಡುವ ಹುಚ್ಚು ಹಿಡಿಯಿತು. ಕಾಣಿಯೂರಿನ ಹರ್ಷಿತಾ ಅಪ್ಪನ ಜೊತೆ ದೇವಸ್ಥಾನ, ಮದುವೆ ಎಂದು ಸ್ಯಾಕ್ಸೋಫೋನ್ ನುಡಿಸುತ್ತಾ ಬೆಳೆದವಳು. ಕಡಬದ ಲತೀಫ್ ಬೈಕಿನ ಸೀಟ್ ಕವರ್ ಅಂಗಡಿಯವನು, ದಫ್ ಬಡಿದು ಬ್ಯಾರಿ ಮದುವೆ ಹಾಡು ಹಾಡುವವನು. ಸುಳ್ಯದ ಬಾಲಣ್ಣ ಹಿಟ್ಟಿನ ಗಿರಣಿ ನಡೆಸುತ್ತಾ ಮದ್ದಳೆ ಬಾರಿಸುವವರು. ನಾಲ್ವರ ಸಂಗೀತವೂ ಬೇರೆ ಬೇರೆ. ಅದನ್ನು ಒಟ್ಟಿಗೆ ಕಟ್ಟುವ ಒಂದು ಕಂಠ ನಮಗೆ ಬೇಕಿತ್ತು. ಮೇಳ ಬಿಟ್ಟು ಮನೆಯಲ್ಲಿ ಕುಳಿತಿರುವ ಒಬ್ಬ ಭಾಗವತರು ಪಂಜದಲ್ಲಿದ್ದಾರೆ, ಕೇಳಿ ನೋಡುವ ಎಂದವರು ಬಾಲಣ್ಣ. ಮೇಳದಲ್ಲಿ ಅವರ ಪದಗಳಿಗೆ ವರ್ಷಗಟ್ಟಲೆ ಮದ್ದಳೆ ಬಾರಿಸಿದವರೂ ಇವರೇ.

ನಾನು, ಬಾಲಣ್ಣ ಇಬ್ಬರೂ ಹೋದಾಗ ಭಾಗವತರು ಜಗಲಿಯಲ್ಲಿ ಕೈಗೆ ಎಣ್ಣೆ ಹಚ್ಚಿಕೊಂಡು ಹಲಸಿನ ಹಣ್ಣು ಬಿಡಿಸುತ್ತಿದ್ದರು. ಕೂದಲು, ಮೀಸೆ ಎರಡೂ ಕಪ್ಪಗೆ ಮಿರಿಮಿರಿ. ವಯಸ್ಸು ಅರುವತ್ತೈದು ದಾಟಿದೆ ಎಂದು ಬಾಲಣ್ಣ ದಾರಿಯಲ್ಲೇ ಹೇಳಿದ್ದರಿಂದ ಬಣ್ಣದ ಗುಟ್ಟು ನನಗೆ ಗೊತ್ತಿತ್ತು. ಕೈ ಜೋಡಿಸಲಾಗದೆ ಮೊಣಕೈ ಎತ್ತಿ ನಮಸ್ಕಾರ ಮಾಡಿದರು.

"ಫ್ಯೂಷನ್ ಅಂದ್ರೆ ಎಂತ ಮಾಷ್ಟ್ರೆ?" ಎಂದು ಕೇಳಿದರು.

ನಾನು ಮೇಷ್ಟ್ರಲ್ಲವೇ, ಪಾಠ ಶುರು ಮಾಡಿದೆ. ಬೇರೆ ಬೇರೆ ಪರಂಪರೆಯ ಸಂಗೀತಗಳು, ಅವುಗಳ ನಡುವಿನ ಸಂವಾದ, ಯಾವುದೂ ಇನ್ನೊಂದನ್ನು ನುಂಗಬಾರದು, ಇತ್ಯಾದಿ. ಅವರು ಒಂದು ತೊಳೆಯಿಂದ ಬೀಜ ತೆಗೆಯುವಷ್ಟು ಹೊತ್ತು ತಾಳ್ಮೆಯಿಂದ ಕೇಳಿದರು.

"ಹಾಗಾದ್ರೆ ಪಾಯಸಕ್ಕೆ ಹಪ್ಪಳ ಪುಡಿ ಮಾಡಿ ಹಾಕಿ ತಿನ್ನುದು. ಅಷ್ಟೇ ಅಲ್ವಾ?"

"ನಮ್ಮ ಕಡೆ ಬಾಳೆಹಣ್ಣೂ ಹಿಚುಕಿ ಹಾಕ್ತೇವೆ," ಎಂದೆ.

"ಓ, ನೀವು ನಮಗಿಂತ ಮುಂದೆ ಹೋಗಿದ್ದೀರಿ." ಆಮೇಲೆ ಗಂಭೀರವಾಗಿ ಹೇಳಿದರು: "ಆದ್ರೆ ಹಪ್ಪಳ ಗರಿಗರಿ ಇರ್ಬೇಕು, ಆಯ್ತಾ? ಪಾಯಸಕ್ಕೆ ಹೆದರಿ ಮೊದಲೇ ಮೆತ್ತಗಾದ ಹಪ್ಪಳ ಹಾಕಿದ್ರೆ ಎರಡೂ ಹಾಳು."

ಫ್ಯೂಷನ್ನಿನ ಬಗ್ಗೆ ನಾನು ಓದಿದ್ದು ಸಾಕಷ್ಟಿದೆ. ಇದಕ್ಕಿಂತ ಹೆಚ್ಚಿನದು ಯಾರೂ ಹೇಳಿಲ್ಲ. ಮುಂದೆ ನಮ್ಮಲ್ಲಿ ಯಾರಾದರೂ ಇನ್ನೊಬ್ಬರಿಗೆ ಹೆದರಿ ತಗ್ಗಿಸಿ ನುಡಿಸಿದರೆ ಅವರು ಹಾಡು ನಿಲ್ಲಿಸಿ, "ಹಪ್ಪಳ ಮೆತ್ತಗಾಯ್ತು" ಎನ್ನುತ್ತಿದ್ದರು.

ಬರಲು ಒಪ್ಪಿದರು. ಒಂದೇ ಷರತ್ತು. "ನನ್ನ ಶ್ರುತಿ ಕಪ್ಪು ಮೂರು. ಅದನ್ನು ಮುಟ್ಟುವ ಹಾಗಿಲ್ಲ."

ಇದನ್ನು ಸ್ವಲ್ಪ ಬಿಡಿಸಿ ಹೇಳಬೇಕು. ಹಾರ್ಮೋನಿಯಮ್ಮಿನ ಬಿಳಿ ಮನೆ, ಕಪ್ಪು ಮನೆಗಳನ್ನು ಎಣಿಸಿ ಶ್ರುತಿಗೆ ಹೆಸರಿಡುವುದು ಇಲ್ಲಿಯ ರೂಢಿ. ಮೂರನೆಯ ಕಪ್ಪು ಮನೆಯನ್ನು ಷಡ್ಜ ಮಾಡಿಕೊಂಡರೆ ಕಪ್ಪು ಮೂರು, ಅದಕ್ಕಿಂತ ಎರಡು ಮೆಟ್ಟಿಲು ಕೆಳಗೆ ಬಿಳಿ ಮೂರು. ಗಂಡಸಿನ ಕಂಠಕ್ಕೆ ಅದು ಎತ್ತರದ ಜಾಗ. ಮೈಕು ಸರಿಯಿಲ್ಲದ ಕಾಲದಲ್ಲಿ ಗದ್ದೆಯ ಆಚೆ ಕಡೆ ಕುಳಿತವರಿಗೂ ಪದ ಕೇಳಬೇಕಾದರೆ ಆ ಎತ್ತರ ಬೇಕಾಗುತ್ತಿತ್ತು. ಅವರ ಹೆಸರು ಗೊತ್ತಿಲ್ಲದವರೂ ಕಪ್ಪು ಮೂರರ ಭಾಗವತರು ಎಂದರೆ ತಿಳಿದುಕೊಳ್ಳುತ್ತಿದ್ದರಂತೆ. ವಯಸ್ಸಾದಂತೆ ಕಂಠ ಅಲ್ಲಿಗೆ ಏರದಾಯಿತು. ಮೇಳದ ಯಜಮಾನರು ಒಳ್ಳೆಯ ಮನಸ್ಸಿನಿಂದಲೇ, "ಇನ್ನು ಸ್ವಲ್ಪ ಇಳಿಸಿ ಹಾಡಿ ಭಾಗವತ್ರೇ, ಆರಾಮ ಆಗ್ತದೆ" ಎಂದರಂತೆ. ಇವರು ಮಳೆಗಾಲದ ಮುಂಚೆ ಪತ್ತನಾಜೆಗೆ ಮೇಳದ ತಿರುಗಾಟ ಮುಗಿಯುವ ತನಕ ಮಾತಾಡಲಿಲ್ಲ. ಮುಗಿದ ದಿನ ಜಾಗಟೆಯನ್ನು ಶಾಲಿನಲ್ಲಿ ಸುತ್ತಿಕೊಂಡು, "ಶ್ರುತಿ ಇಳಿಸುದಕ್ಕಿಂತ ನಾನೇ ಇಳಿಯುದು ಒಳ್ಳೆದು" ಎಂದು ಹೇಳಿ ಮನೆಗೆ ಬಂದುಬಿಟ್ಟರಂತೆ. ಹಿಂದಿರುಗುವ ದಾರಿಯಲ್ಲಿ ಇದನ್ನೆಲ್ಲ ಹೇಳಿದ ಬಾಲಣ್ಣ, "ಆ ಶ್ರುತಿಯ ವಿಷಯ ಅವರ ಹತ್ರ ತೆಗಿಬೇಡಿ" ಎಂದು ನನಗೆ ಎಚ್ಚರಿಕೆ ಕೊಟ್ಟರು.

ಹೀಗೆ ಅವರು ನಮ್ಮಲ್ಲಿಗೆ ಬಂದರು. ಬಂದ ಮೊದಲ ದಿನವೇ ಮಹಡಿಯ ಕೋಣೆಯ ಯಜಮಾನಿಕೆ ಅವರ ಕೈಗೆ ಹೋಯಿತು. ಯಕ್ಷಗಾನದಲ್ಲಿ ಭಾಗವತರೇ ಎಲ್ಲ. ಅವರ ಜಾಗಟೆ ಹೇಳಿದಾಗ ರಾಜನೂ ಕುಣಿಯಬೇಕು, ರಾಕ್ಷಸನೂ ನಿಲ್ಲಬೇಕು. ನಮ್ಮ ತಂಡದಲ್ಲಿ ನಾಯಕರಿಲ್ಲ, ಎಲ್ಲರೂ ಸಮಾನರು ಎಂದು ನಾನು ಬಹಳ ಹೆಮ್ಮೆಯಿಂದ ಹೇಳುತ್ತಿದ್ದೆ. ನನ್ನ ಸಮಾನತೆ ಒಂದು ಮಧ್ಯಾಹ್ನ ಬಾಳಲಿಲ್ಲ.

ಹಾಡು ಎತ್ತುವಾಗ ನಾನು "ಒನ್, ಟೂ, ತ್ರೀ, ಫೋರ್" ಎಂದು ಎಣಿಸುವುದು ಕೇಳಿ ಅವರು ಹೊಟ್ಟೆ ಹಿಡಿದುಕೊಂಡು ನಕ್ಕರು. "ಇದೆಂತ ಮಾಷ್ಟ್ರೆ, ಮಕ್ಕಳ ಓಟದ ಸ್ಪರ್ಧೆಯಾ? ನನ್ನ ಮುಖ ನೋಡಿ. ಹಾಡು ಯಾವಾಗ ಬರ್ತದೆ ಅಂತ ಮುಖದಲ್ಲಿ ಗೊತ್ತಾಗ್ತದೆ." ಅವರ ಮುಖ ನೋಡಿಕೊಂಡು ಹಾಡು ಎತ್ತಲು ನಮಗೆ ತಿಂಗಳುಗಳೇ ಬೇಕಾದವು. ಆಮೇಲೆ ಎಣಿಸುವುದನ್ನು ನಾನು ಚರ್ಚಿನಲ್ಲೂ ಬಿಟ್ಟೆ. ಹಾಡುವ ಹುಡುಗಿಯರು ಗಾಬರಿಯಾದರು, ಅದು ಬೇರೆ ಮಾತು.

ನನ್ನ ಕಾರ್ಡ್‌ಗಳ ಮೇಲೆ, ಅಂದರೆ ಮೂರು ಸ್ವರ ಒಟ್ಟಿಗೆ ಒತ್ತುವುದರ ಮೇಲೆ, ಅವರಿಗೆ ಬಹಳ ಕಾಲ ಸಂಶಯವಿತ್ತು. "ನಾನು ಒಂದು ಸ್ವರ ಹಾಡಿದ್ರೆ ನೀವು ಮೂರು ಒತ್ತುತ್ತೀರಲ್ಲ, ಉಳಿದ ಎರಡು ಯಾರಿಗೆ?" ಎಂದು ಕೇಳುತ್ತಿದ್ದರು. ಒಂದು ದಿನ ನಾನು ಮುನಿಸಿಕೊಂಡು ಒಂದೇ ಸ್ವರ ಒತ್ತಿ ಕುಳಿತೆ. ಸ್ವಲ್ಪ ಹಾಡಿ ನಿಲ್ಲಿಸಿ ಕೀಬೋರ್ಡಿನ ಕಡೆ ಬಗ್ಗಿ, "ಆ ಉಳಿದ ಎರಡು ಎಲ್ಲಿ ಹೋಯ್ತು? ಹಾಕಿ ಮಾರಾಯ್ರೆ, ಮನೆ ಖಾಲಿ ಖಾಲಿ ಕಾಣ್ತದೆ" ಎಂದರು.

ನಮ್ಮ ಪ್ರಾರ್ಥನೆಯ ಜಾಗಕ್ಕೆ ಮಲಯಾಳದಲ್ಲಿ ಪಳ್ಳಿ ಎನ್ನುತ್ತೇವೆ, ಲತೀಫನಿಗೆ ಮಸೀದಿಯೂ ಪಳ್ಳಿಯೇ. ಯಾರಾದರೂ ತಡವಾಗಿ ಬಂದು "ಪಳ್ಳಿಯಲ್ಲಿ ಕೆಲಸ ಇತ್ತು" ಎಂದರೆ ಭಾಗವತರು, "ಯಾವ ಪಳ್ಳಿ ಅಂತ ಸರಿ ಹೇಳಿ, ಇಬ್ಬರಿಗೂ ಒಂದೇ ನೆವನ ಕೊಟ್ರೆ ಆಗುದಿಲ್ಲ" ಎಂದು ಗದರಿಸುತ್ತಿದ್ದರು. ಕಾರ್ಯಕ್ರಮಕ್ಕೆಂದು ನಾವು ಹೊಲಿಸಿದ ಒಂದೇ ಬಣ್ಣದ ಕುರ್ತಾವನ್ನು ಅವರು ಕೈಯಲ್ಲಿ ಮುಟ್ಟಿ ನೋಡಿ ಹಿಂದೆ ಕೊಟ್ಟರು. "ವೇಷ ಕಟ್ಟುದು ನನ್ನ ಕೆಲಸ ಅಲ್ಲ, ಕುಣಿಸುದು ನನ್ನ ಕೆಲಸ." ಬಿಳಿ ಪಂಚೆ, ಬಿಳಿ ಅಂಗಿ, ಅಷ್ಟೇ. ಆದರೆ ಯಾರಾದರೂ ಮೊಬೈಲ್ ಎತ್ತಿದ್ದು ಕಂಡರೆ ಮಾತ್ರ ಬಲಗೆನ್ನೆ ಆ ಕಡೆ ತಿರುಗುತ್ತಿತ್ತು. ಎಡಗೆನ್ನೆಯಲ್ಲಿ ಫೋಟೋ ಚಂದ ಬರುವುದಿಲ್ಲ ಎಂದು ಅವರ ನಂಬಿಕೆ.

ಅವರಿಗೆ ಚಾ ಬೇಕು, ಬಾಯಿ ಸುಡುವ ಹಾಗಿರಬೇಕು. ಸುಡದಿದ್ದರೆ ಅದು ಚಾ ಅಲ್ಲ, ಕಾಲು ತೊಳೆದ ನೀರು. ಕೋಣೆಗೆ ಬಂದ ಕೂಡಲೇ ಒಂದು, ನಡುವೆ ಒಂದು, ಹೊರಡುವಾಗ ಒಂದು. ಅಂಥವರು ರಂಜಾನ್ ತಿಂಗಳಲ್ಲಿ ಕೆಳಗಿನ ಹೋಟೆಲಿನವನಿಗೆ ಚಾ ತರಬೇಡ ಎಂದುಬಿಟ್ಟರು. ಲತೀಫನೇ "ಭಾಗವತ್ರೇ, ನೀವು ಕುಡಿಯಿರಿ, ನನಗೆ ಎಂತದೂ ಆಗುದಿಲ್ಲ" ಎಂದು ಬೇಡಿಕೊಂಡ. "ನಿನಗೋಸ್ಕರ ಯಾರು ಬಿಟ್ಟದ್ದು? ನನಗೆ ಗ್ಯಾಸ್ಟ್ರಿಕ್" ಎಂದರು. ಸಂಜೆ ಮಸೀದಿಯ ಬಾಂಗ್ ಆದ ಮೇಲೆ ಲತೀಫನ ಜೊತೆ ಕೆಳಗಿಳಿದು, ಅವನು ಖರ್ಜೂರ ಬಾಯಿಗೆ ಹಾಕುವಾಗ ಇವರು ಎರಡು ಚಾ ಒಟ್ಟಿಗೆ ತರಿಸುತ್ತಿದ್ದರು. ಗ್ಯಾಸ್ಟ್ರಿಕ್ಕಿನ ಸುದ್ದಿ ಆಗ ಯಾರೂ ಎತ್ತುತ್ತಿರಲಿಲ್ಲ.

ಇಷ್ಟೆಲ್ಲ ಇದ್ದರೂ ಕಪ್ಪು ಮೂರರ ತೊಂದರೆ ಇದ್ದೇ ಇತ್ತು. ನಮ್ಮ ಕಾರ್ಯಕ್ರಮದಲ್ಲಿ ಒಂದು ಪದವಿತ್ತು. ತಾಯಿ ಮಗನನ್ನು ಯುದ್ಧಕ್ಕೆ ಕಳುಹಿಸುವ ಸನ್ನಿವೇಶ. ಮೊದಲಿಗೆ ತಾಳವಿಲ್ಲದೆ ಒಂದು ಭಾಮಿನಿ, ಬರೀ ಶ್ರುತಿಯ ಮೇಲೆ ನಿಧಾನವಾಗಿ ಹೇಳುವಂಥದ್ದು. ಆಮೇಲೆ ತಾಳ ಸೇರುತ್ತದೆ. ಕೊನೆಗೆ ಹೋಗುತ್ತಿರುವ ಮಗನನ್ನು ತಾಯಿ ಇನ್ನೊಮ್ಮೆ ಕೂಗಿ ಕರೆಯುವ ಒಂದು ಏರು. ಆ ಏರಿನಲ್ಲಿ ಅವರ ಕಂಠ ಪ್ರತಿಸಲವೂ ಒಡೆಯುತ್ತಿತ್ತು. ಹರ್ಷಿತಾ ಜಾಣೆ, ಆ ಜಾಗ ಬರುತ್ತಿದ್ದಂತೆ ಸ್ವಲ್ಪ ಮೊದಲೇ ಸ್ಯಾಕ್ಸೋಫೋನ್ ಊದಿ ಒಡೆದದ್ದನ್ನು ಮುಚ್ಚುತ್ತಿದ್ದಳು. ಹಾಡು ಮುಗಿದ ಮೇಲೆ ಅವರು ಕಾರಣ ಹೇಳುತ್ತಿದ್ದರು. ನಿನ್ನೆ ಉಪ್ಪಿನಕಾಯಿ ತಿಂದದ್ದು ಹೆಚ್ಚಾಯಿತು. ಬಸ್ಸಿನಲ್ಲಿ ಗಾಳಿಗೆ ಕುಳಿತದ್ದು. ನೆಲ್ಯಾಡಿಗೆ ಬಂದರೆ ನಮ್ಮ ರಬ್ಬರ್ ಶೀಟಿನ ಹೊಗೆ. ನಾವು ಹೌದು ಹೌದು ಎನ್ನುತ್ತಿದ್ದೆವು. ಶ್ರುತಿ ಇಳಿಸುವ ಎಂದು ಹೇಳಲು ಯಾರಿಗೂ ಬಾಯಿ ಬರುತ್ತಿರಲಿಲ್ಲ. ಹೇಳಿದರೆ ಅವರು ಜಾಗಟೆ ಸುತ್ತಿಕೊಂಡು ಹೊರಡುತ್ತಾರೆ ಎಂದು ಗೊತ್ತಿತ್ತು.

ಹೀಗಿರುವಾಗ ನೆಲ್ಯಾಡಿಯಲ್ಲಿ ಒಂದು ಆದಿತ್ಯವಾರ ಮಧ್ಯಾಹ್ನ ನಮ್ಮ ಕಾರ್ಯಕ್ರಮ ಆಯಿತು. ಬೆಳಿಗ್ಗೆ ಚರ್ಚಿನ ಪೂಜೆಗೆ ನುಡಿಸಿದ ಕೀಬೋರ್ಡನ್ನೇ ಎತ್ತಿಕೊಂಡು ಬಂದು ವೇದಿಕೆಯಲ್ಲಿ ಇಟ್ಟೆ. ಕೀಬೋರ್ಡಿನಲ್ಲಿ ಟ್ರಾನ್ಸ್‌ಪೋಸ್ ಎಂಬ ಗುಂಡಿ ಇರುತ್ತದೆ. ಅದನ್ನು ಒತ್ತಿ ಶ್ರುತಿಯನ್ನು ಇಳಿಸಿಟ್ಟರೆ ನಾವು ಯಾವಾಗಿನ ಮನೆಯನ್ನೇ ಒತ್ತಿದರೂ ನಾದ ಮಾತ್ರ ಕೆಳಗಿನದು ಬರುತ್ತದೆ. ನಮ್ಮ ಚರ್ಚಿನಲ್ಲಿ ಅಮ್ಮಚ್ಚಿ ಎಂದು ಕರೆಯುವ ಅಜ್ಜಿಯರಿಗೆ ಹಾಡಿನ ಏರು ನಿಲುಕುವುದಿಲ್ಲ ಎಂದು ನಾನು ಪೂಜೆಗೆ ಯಾವಾಗಲೂ ಎರಡು ಮೆಟ್ಟಿಲು ಇಳಿಸಿಡುತ್ತೇನೆ. ಅಂದು ಅದನ್ನು ಹಿಂದಕ್ಕೆ ತರಲು ಮರೆತುಹೋಯಿತು.

ಅಂದು ಮೊದಲಿಗೇ ಆ ಪದ. ಭಾಮಿನಿ ಶುರುವಾಗುವ ಮುಂಚೆ ಭಾಗವತರು ನನ್ನ ಬೆರಳಿನ ಕಡೆ ನೋಡಿದರು. ಅದು ಅವರ ಅಭ್ಯಾಸ. ಬೆರಳು ಮೂರನೆಯ ಕಪ್ಪು ಮನೆಯ ಮೇಲಿತ್ತು. ತಲೆಯಾಡಿಸಿ ಕಣ್ಣು ಮುಚ್ಚಿ ಹಾಡಲು ತೊಡಗಿದರು. ಮೊದಲ ಸಾಲಿಗೇ ನನ್ನ ಕಿವಿ ನೆಟ್ಟಗಾಯಿತು. ಗುಂಡಿಯ ಕಡೆ ನೋಡಿದರೆ ಬೆಳಗಿನ ಹಾಗೆಯೇ ಇಳಿದು ಕುಳಿತಿತ್ತು. ಹಾಡಿನ ನಡುವೆ ಶ್ರುತಿ ಏರಿಸುವ ಹಾಗೂ ಇಲ್ಲ. ಆ ಕಡೆ ಬಾಲಣ್ಣನ ಮದ್ದಳೆ ಕಪ್ಪು ಮೂರಕ್ಕೆ ಬಿಗಿದು ಕುಳಿತಿದೆ. ಒಂದು ಪೆಟ್ಟು ಬಿದ್ದರೂ ಅಪಸ್ವರ. ಬಾಲಣ್ಣ ನನ್ನನ್ನು ಒಮ್ಮೆ ನುಂಗುವ ಹಾಗೆ ನೋಡಿದರು, ಆಮೇಲೆ ಹೊಟ್ಟೆನೋವು ಬಂದವರ ಹಾಗೆ ಹೊಟ್ಟೆ ಒತ್ತಿಕೊಂಡು ಮೆಲ್ಲ ಎದ್ದು ವೇದಿಕೆಯ ಹಿಂದೆ ಹೋದರು. ಹರ್ಷಿತಾ ಕಣ್ಣಲ್ಲೇ ಬೈದು, ಬೆರಳು ಬದಲಿಸಿ ಕೆಳಗಿನ ಶ್ರುತಿಯಲ್ಲೇ ಊದಿದಳು. ದಫ್‌ಗೆ ಈ ಶ್ರುತಿಯ ರಗಳೆಯೇ ಇಲ್ಲ. ಏನಾಗಿದೆ ಎಂದು ತಿಳಿಯದ ಲತೀಫ್ ಮದ್ದಳೆಯ ಪಾಲನ್ನೂ ತಾನೇ ಖುಷಿಯಲ್ಲಿ ಬಡಿದ.

ಭಾಗವತರು ಹಾಡಿದರು. ತಾಯಿ ಮಗನನ್ನು ಕರೆಯುವ ಜಾಗ ಬಂತು. ಕಂಠ ಏರಿತು, ನಿಂತಿತು, ನಿಂತಲ್ಲೇ ತಿರುಗಿ ಇಳಿಯಿತು. ಮೈದಾನದಲ್ಲಿ ಮಕ್ಕಳು ಕೂಡ ಸುಮ್ಮನಾದರು.

ಕೆಳಗಿಳಿದು ಬಂದವರು ನನ್ನ ಎರಡೂ ಕೈ ಹಿಡಿದುಕೊಂಡರು. "ಕಂಠ ಬಂತು ಮಾಷ್ಟ್ರೆ! ಹೋದದ್ದು ಹಿಂದೆ ಬಂತು! ಕಪ್ಪು ಮೂರು! ನೋಡಿದ್ರಾ?" ಕಣ್ಣಲ್ಲಿ ನೀರಿತ್ತು. ಬಾಲಣ್ಣನ ಹೊಟ್ಟೆ ಹೇಗುಂಟು ಎಂದು ವಿಚಾರಿಸುವುದನ್ನೂ ಮರೆಯಲಿಲ್ಲ. ಆ ಸಂತೋಷದ ಎದುರು ಏನು ಹೇಳುವುದು? ಹೇಳುವ ಎಂದು ಬಾಯಿ ತೆರೆದೆ. ಹರ್ಷಿತಾ ಹಿಂದಿನಿಂದ ನನ್ನ ಅಂಗಿ ಎಳೆದಳು.

ವಿಷಯ ಅಲ್ಲಿಗೇ ನಿಂತಿದ್ದರೆ ಇದೊಂದು ತಮಾಷೆಯ ಕತೆಯಾಗಿ ಉಳಿಯುತ್ತಿತ್ತು. ತಿಂಗಳು ಕಳೆಯುವುದರೊಳಗೆ ಸುಳ್ಯದಲ್ಲಿ ಗಾನವೈಭವ ನಿಶ್ಚಯವಾಯಿತು. ವೇಷ, ಕುಣಿತ ಇಲ್ಲದೆ ಭಾಗವತರುಗಳೇ ಸಾಲಾಗಿ ಕುಳಿತು ಪದ ಹೇಳುವ ಕಾರ್ಯಕ್ರಮ. ಈಗ ಹೆಸರು ಮಾಡುತ್ತಿರುವ ಇಬ್ಬರು ಎಳೆಯ ಭಾಗವತರು, ಅವರ ಜೊತೆಗೆ ಹಿರಿಯರೆಂದು ಇವರು. ಕಂಠ ಹೋದ ಮೇಲೆ ಅಂಥ ಕರೆಗಳನ್ನೆಲ್ಲ ನೆವನ ಹೇಳಿ ತಪ್ಪಿಸುತ್ತಿದ್ದವರು ಈಗ ಒಪ್ಪಿಕೊಂಡುಬಿಟ್ಟರು. ಕಪ್ಪು ಮೂರರಲ್ಲೇ ಹೇಳುತ್ತೇನೆ, ಕೇಳಲು ಬನ್ನಿ ಎಂದು ಹಳೆಯ ಮೇಳದವರಿಗೆಲ್ಲ ಫೋನ್ ಮಾಡಿದರಂತೆ. ನಮ್ಮಲ್ಲಾದರೆ ಒಡೆದದ್ದನ್ನು ಮುಚ್ಚಲು ಹರ್ಷಿತಾ ಇದ್ದಳು. ಅಲ್ಲಿ, ಅವರ ಏರು ಕಂಠವನ್ನು ಕೇಳಿಯೇ ಬೆಳೆದ ಜನರ ಮುಂದೆ, ಆ ಹುಡುಗರ ಪಕ್ಕದಲ್ಲಿ ಕಂಠ ಒಡೆದರೆ ಅವರು ಮತ್ತೆ ಎಲ್ಲಿಯೂ ಹಾಡುವವರಲ್ಲ. ಹೇಳಲೇಬೇಕಾಯಿತು. ಬಾಲಣ್ಣ "ನನ್ನಿಂದಾಗದು" ಎಂದರು. ಗುಂಡಿ ನನ್ನದು, ಹೋಗಬೇಕಾದವನೂ ನಾನೇ.

ಕೀಬೋರ್ಡನ್ನು ಕಾರಿನಲ್ಲಿ ಹಾಕಿಕೊಂಡು ಪಂಜಕ್ಕೆ ಹೋದೆ. ಕೆಂಪು ಮುಂಡಾಸಿನ ಬಟ್ಟೆ ಇಸ್ತ್ರಿಯಾಗಿ ಜಗಲಿಯ ಬೆಂಚಿನ ಮೇಲಿತ್ತು.

"ಸರೀ ಹೊತ್ತಿಗೆ ಬಂದ್ರಿ ಮಾಷ್ಟ್ರೆ. ಪದ ಆರಿಸಿದ್ದೇನೆ, ಒಮ್ಮೆ ಕೇಳಿ."

"ಭಾಗವತ್ರೇ, ಅವತ್ತು ನೆಲ್ಯಾಡಿಯಲ್ಲಿ ನೀವು ಹಾಡಿದ್ದು ಕಪ್ಪು ಮೂರಲ್ಲ," ಎಂದೆ. "ಬಿಳಿ ಮೂರು."

ಅವರು ನಕ್ಕರು. "ನಿಮ್ಮ ಬೆರಳು ಎಲ್ಲಿತ್ತು ಅಂತ ನಾನೇ ನೋಡಿದ್ದೇನಲ್ಲ."

"ಬೆರಳು ಅಲ್ಲೇ ಇತ್ತು. ನಾದ ಕೆಳಗೆ ಇತ್ತು." ಕೀಬೋರ್ಡ್ ತೆಗೆದು ಬೆಂಚಿನ ಮೇಲಿಟ್ಟು, ಗುಂಡಿ ಒತ್ತಿ ಒಮ್ಮೆ, ಒತ್ತದೆ ಒಮ್ಮೆ, ಅದೇ ಕಪ್ಪು ಮನೆಯನ್ನು ನುಡಿಸಿ ತೋರಿಸಿದೆ. ಮತ್ತೆ ನುಡಿಸಲು ಹೇಳಿದರು. ನುಡಿಸಿದೆ. ಅವರ ನಗು ಎಲ್ಲಿ ಹೋಯಿತೋ ಗೊತ್ತಾಗಲಿಲ್ಲ.

"ಬಾಲಣ್ಣನಿಗೆ ಗೊತ್ತಿತ್ತಾ?"

"ಗೊತ್ತಿತ್ತು."

"ಆ ಹುಡುಗಿಗೆ?"

"ಹೌದು."

"ಲತೀಫನಿಗೆ?"

"ಅವನಿಗೆ ಆಮೇಲೆ ಹೇಳಿದೆವು."

"ಹಾಗಾದ್ರೆ ಗೊತ್ತಿಲ್ಲದ್ದು ನನಗೆ ಮಾತ್ರ." ಅವರು ಅಂಗಳದ ಕಡೆ ತಿರುಗಿದರು. "ಪಂಜದ ಪೇಟೆಯಲ್ಲಿ ಸಿಕ್ಕಿದವರಿಗೆಲ್ಲ ಹೇಳಿಕೊಂಡು ತಿರುಗಿದ್ದೇನೆ ಮಾಷ್ಟ್ರೆ. ಕ್ಷೌರದ ಅಂಗಡಿಯಲ್ಲಿ ಸಮೇತ ಹೇಳಿದ್ದೇನೆ."

ನಾನು ಕೀಬೋರ್ಡ್ ಆರಿಸಿದೆ. ಆಮೇಲೆ ಅವರೇ ಕೇಳಿದರು: "ಚರ್ಚಿನಲ್ಲಿ ಅದನ್ನು ಯಾಕೆ ಇಳಿಸಿ ಇಡುದು?"

"ಅಜ್ಜಿಯರಿಗೆ ಮೇಲೆ ಹೋಗ್ಲಿಕ್ಕೆ ಆಗುದಿಲ್ಲ."

"ನಾಲ್ಕು ಅಜ್ಜಿಯರಿಗೋಸ್ಕರ ಇಡೀ ಚರ್ಚಿಗೆ ಇಳಿಸುದಾ? ಗಟ್ಟಿ ಕಂಠದವರು ಎಂತ ಹೇಳುದಿಲ್ವಾ?"

"ಎಂತ ಹೇಳ್ಲಿಕ್ಕುಂಟು? ಎಲ್ಲರೂ ಹಾಡ್ಬೇಕಲ್ಲ."

ಅಷ್ಟರಲ್ಲಿ ಅವರ ಹೆಂಡತಿ ಪುನರ್ಪುಳಿ ಶರಬತ್ತು ತಂದಿಟ್ಟರು. ಒಳಗಿನಿಂದ ಎಲ್ಲ ಕೇಳಿಸಿಕೊಂಡಿರಬೇಕು. ಮನೆಮಾತಾದ ಅರೆಭಾಷೆಯಲ್ಲಿ ಗಂಡನಿಗೆ ಏನೋ ಹೇಳಿ, ನನಗೆ ತಿಳಿಯಲೆಂದು ಕನ್ನಡದಲ್ಲಿ ಇನ್ನೊಮ್ಮೆ ಹೇಳಿದರು. "ಸಂಜೆ ದೇವರ ಎದುರು ಕೂತು ಹಾಡ್ತಾರಲ್ಲ, ಆಗ ಎಷ್ಟು ಚಂದ ಕೇಳ್ತದೆ. ಅದು ಕಪ್ಪಾ ಬಿಳಿಯಾ ನನಗೆ ಗೊತ್ತಿಲ್ಲ. ಇಲ್ಲಿ ಒಡೆಯುದಿಲ್ಲ."

"ನೀನು ಒಳಗೆ ಹೋಗು," ಎಂದರು ಭಾಗವತರು. ಆಮೇಲೆ ನನಗೆ: "ನಿಮಗೆ ಹೊತ್ತಾಯ್ತು ಮಾಷ್ಟ್ರೆ."

ಯಾವಾಗಲೂ ಗೇಟಿನ ತನಕ ಬಂದು ಬೀಳ್ಕೊಡುವವರು ಅಂದು ಜಗಲಿಯಿಂದ ಇಳಿಯಲಿಲ್ಲ. ನನಗೆ ದುಃಖವಾಯಿತು. ಹೇಳದೆ ಇದ್ದಿದ್ದರೆ ಇನ್ನೂ ಕೆಟ್ಟದಾಗುತ್ತಿತ್ತು ಎಂದು ದಾರಿಯುದ್ದಕ್ಕೂ ನನಗೆ ನಾನೇ ಹೇಳಿಕೊಂಡೆ. ಮುಂದಿನ ಆದಿತ್ಯವಾರ ಅವರು ಪುತ್ತೂರಿಗೆ ಬರಲಿಲ್ಲ, ಅದರ ಮುಂದಿನದಕ್ಕೂ ಇಲ್ಲ. ಫೋನ್ ಎತ್ತಲಿಲ್ಲ. ಗಾನವೈಭವಕ್ಕೆ ಬರುವುದಿಲ್ಲವೆಂದು ಅಲ್ಲಿಗೆ ತಿಳಿಸಿದ್ದಾರೋ ಇಲ್ಲವೋ ಅದೂ ಗೊತ್ತಾಗಲಿಲ್ಲ.

ಗಾನವೈಭವದ ದಿನ ಮಧ್ಯಾಹ್ನ ನಾವು ನಾಲ್ವರೂ ಸುಳ್ಯದ ಸಭಾಭವನಕ್ಕೆ ಹೋಗಿ ಕೊನೆಯ ಸಾಲಿನಲ್ಲಿ ಕುಳಿತೆವು. ಜನ ತುಂಬಿದ್ದರು. ಇಬ್ಬರು ಎಳೆಯರು ಆಗಲೇ ವೇದಿಕೆಯಲ್ಲಿದ್ದರು. ಕಪ್ಪು ಮೂರರಲ್ಲಿ ಒಬ್ಬನನ್ನೊಬ್ಬ ಮೀರಿಸುವಂತೆ ಹೇಳುತ್ತಿದ್ದರು, ಶಿಳ್ಳೆಗಳು ಬೀಳುತ್ತಿದ್ದವು. ನಡುವಿನ ಜಾಗ ಖಾಲಿ. ಬರುವುದಿಲ್ಲ ಎಂದೇ ನಾನು ತಿಳಿದೆ. ಮೂರನೆಯ ಪದ ಮುಗಿಯುವಾಗ ಬದಿಯ ಬಾಗಿಲಿನಿಂದ ಕೆಂಪು ಮುಂಡಾಸು ಒಳಗೆ ಬಂತು. ಎಲ್ಲರಿಗೂ ಕೈ ಮುಗಿದು ನಡುವೆ ಕುಳಿತರು. ನಿರೂಪಕರು ಹೊಗಳಿಕೆಯನ್ನೆಲ್ಲ ಮುಗಿಸಿ, ಈಗ ಮೂವರೂ ಸೇರಿ ಒಂದು ಪದ ಎಂದರು. ತಾಯಿ ಮಗನನ್ನು ಕಳುಹಿಸುವ ಅದೇ ಪದ.

ಭಾಗವತರು ಮೈಕನ್ನು ಹತ್ತಿರ ಎಳೆದುಕೊಂಡರು.

"ಶ್ರುತಿ ಇಳಿಸಿ. ಬಿಳಿ ಮೂರು."

ನಿರೂಪಕರು ಪಾಪ, ಅವರ ಮರ್ಯಾದೆ ಕಾಪಾಡಲು ನೋಡಿದರು. "ಭಾಗವತರು ತಮಾಷೆ ಮಾಡ್ತಿದ್ದಾರೆ" ಎಂದು ನಕ್ಕರು. ಮುಂದಿನ ಸಾಲಿನವರೂ ನಕ್ಕರು.

"ತಮಾಷೆ ಅಲ್ಲ," ಎಂದರು ಅವರು. "ಕಪ್ಪು ಮೂರಕ್ಕೆ ನನ್ನ ಕಂಠ ಈಗ ಏರುದಿಲ್ಲ. ಅದು ಹೋಗಿ ವರ್ಷಗಳಾಯ್ತು. ಪದ ಹೇಳುವ ಆಸೆ ಮಾತ್ರ ಹೋಗ್ಲಿಲ್ಲ. ಮದ್ದಳೆ ಸರಿ ಮಾಡಿಕೊಳ್ಳಿ, ನಾನು ಕಾಯ್ತೇನೆ."

ವೇದಿಕೆಯಲ್ಲಿದ್ದ ಮದ್ದಳೆಯವನ ಬಳಿ ಅಷ್ಟು ಕೆಳಗಿನ ಮದ್ದಳೆ ಇರಲಿಲ್ಲ. ಅವನು ಅತ್ತಿತ್ತ ನೋಡಿದ. ಆಗ ನನ್ನ ಪಕ್ಕದಿಂದ ಬಾಲಣ್ಣ ಎದ್ದು ಹೊರಗೆ ಹೋದರು. ಬರುವಾಗ ಹೆಗಲಲ್ಲಿ ಮದ್ದಳೆ ಇತ್ತು. ಬಿಳಿ ಮೂರರದ್ದು. ನಮಗ್ಯಾರಿಗೂ ಹೇಳದೆ ಗಾಡಿಯಲ್ಲಿ ಹಾಕಿಕೊಂಡು ಬಂದಿದ್ದರು. ಸೀದಾ ವೇದಿಕೆ ಹತ್ತಿ ಭಾಗವತರ ಪಕ್ಕದಲ್ಲಿ ಕುಳಿತರು. ಇಬ್ಬರೂ ಒಬ್ಬರನ್ನೊಬ್ಬರು ನೋಡಲಿಲ್ಲ.

ಅವರು ಹಾಡಿದರು. ಎತ್ತರವಿಲ್ಲ, ಆರ್ಭಟವಿಲ್ಲ. ಆ ತಾಯಿಗೆ ಮಗ ಹಿಂದೆ ಬರುವುದಿಲ್ಲ ಎಂದು ಗೊತ್ತಿದೆ ಎಂಬುದು ಅಷ್ಟು ಸಲ ಆ ಪದಕ್ಕೆ ನುಡಿಸಿದ ನನಗೆ ಅಂದೇ ತಿಳಿದದ್ದು. ಕರೆಯುವ ಜಾಗ ಹತ್ತಿರವಾದಾಗ ಹರ್ಷಿತಾ ಅಭ್ಯಾಸಬಲದಿಂದ ಉಸಿರು ಎಳೆದುಕೊಂಡಳು. ಬೇಕಾಗಲಿಲ್ಲ. ಲತೀಫ್ ತಲೆ ತಗ್ಗಿಸಿ ಕುಳಿತಿದ್ದ, ನಾನು ಅತ್ತೆ. ಶಿಳ್ಳೆ ಯಾರೂ ಹೊಡೆಯಲಿಲ್ಲ.

ಕಷ್ಟವಾದದ್ದು ಆ ಹುಡುಗರಿಗೆ. ಮೇಲೆಯೇ ಹಾಡಿ ಅಭ್ಯಾಸವಾದವರು. ಪದ ಕೆಳಗಿಳಿದಲ್ಲೆಲ್ಲ ಅವರ ಕಂಠ ಕೇಳಿಸುತ್ತಲೇ ಇರಲಿಲ್ಲ. ಒಬ್ಬನಂತೂ ಹೇಳುವುದನ್ನು ನಿಲ್ಲಿಸಿ ಭಾಗವತರ ಬಾಯಿಯನ್ನೇ ನೋಡುತ್ತಾ ಕುಳಿತ. ಮುಗಿದ ಮೇಲೆ ವೇದಿಕೆಯ ಮೆಟ್ಟಿಲಿನ ಹತ್ತಿರ ಅವನೇ ಬಂದು ಕಾಲು ಮುಟ್ಟಿದ. ನಾವು ಅಲ್ಲೇ ನಿಂತಿದ್ದೆವು.

"ಭಾಗವತ್ರೇ, ಕೆಳಗೆ ಇಷ್ಟು ಜಾಗ ಉಂಟು ಅಂತ ನನಗೆ ಗೊತ್ತೇ ಇರ್ಲಿಲ್ಲ," ಎಂದ.

"ನನಗೂ ಮೊನ್ನೆ ಗೊತ್ತಾದ್ದು ಮಾರಾಯ," ಎಂದರು ಅವರು.